ಹನ್ನೊಂದನೇ ಕಡವು

ನಾನು ದಾವಣಗೆರೆಯವಳು. ನಮಗೆ ನದಿಯೆಂದರೆ ಹರಿಹರದ ಸೇತುವೆ ದಾಟುವಾಗ ಬಸ್ಸಿನ ಕಿಟಕಿಯಲ್ಲಿ ಅರ್ಧ ನಿಮಿಷ ಕಾಣುವ ತುಂಗಭದ್ರೆ. ಅಮ್ಮ ಕೈಮುಗಿದು ಒಂದು ನಾಣ್ಯ ಎಸೆಯುವಷ್ಟರಲ್ಲಿ ಸೇತುವೆ ಮುಗಿದಿರುತ್ತಿತ್ತು. ನಾನು ದೋಣಿ ಹತ್ತಿದವಳಲ್ಲ, ಈಜು ಕಲಿತವಳಲ್ಲ, ಒಣಮೀನಿನ ವಾಸನೆ ಬಂದರೆ ಸೆರಗು ಮೂಗಿಗೆ ಹಿಡಿದು ಓಡುತ್ತಿದ್ದವಳು. ಇಂಥವಳು ನದಿ ವ್ಯಾಪಾರದ ಕಟ್ಟಳೆಗಳನ್ನೆಲ್ಲ ಕಲಿತದ್ದು, ಹೆಸರಿಗೊಂದು ಹೊಳೆಯೂ ಇಲ್ಲದ ಬಹರೈನಿನಲ್ಲಿ. ಅದೂ ಹಮದ್ ಟೌನಿನ ಹನ್ನೊಂದನೇ ರೌಂಡಬೌಟಿನ ಬಳಿ, ಕರೆಂಟ್ ಡಬ್ಬಿಯ ಗೇಣುದ್ದ ನೆರಳಿನಲ್ಲಿ ನಿಂತುಕೊಂಡು.

ಎರಡು ಸಾವಿರದ ಮೂರನೇ ಇಸವಿಯ ಬೇಸಿಗೆಯಲ್ಲಿ, ಮದುವೆಯಾದ ಎರಡು ತಿಂಗಳಿಗೆ ಅಲ್ಲಿಗೆ ಹೋದೆ. ಗಂಡ ಅಲ್ಯೂಮಿನಿಯಂ ಕಾರ್ಖಾನೆಯಲ್ಲಿ ಇಂಜಿನಿಯರ್. ಶಿಫ್ಟ್ ಕೆಲಸ. ಅವರು ಮನೆಯಲ್ಲಿದ್ದಾಗ ನಿದ್ದೆ, ಎದ್ದಿದ್ದಾಗ ಕಾರ್ಖಾನೆ. ಹಮದ್ ಟೌನು ಮರಳಿನ ಮೇಲೆ ಗೆರೆ ಎಳೆದು ಕಟ್ಟಿದ ಊರು. ನಡುವೆ ಉದ್ದಕ್ಕೆ ಒಂದು ಹೆದ್ದಾರಿ, ಅದರಲ್ಲಿ ಸಾಲಾಗಿ ನಂಬರು ಹೊತ್ತ ರೌಂಡಬೌಟುಗಳು. ವಿಳಾಸ ಕೇಳಿದರೆ ಯಾರೂ ಬೀದಿಯ ಹೆಸರು ಹೇಳುವುದಿಲ್ಲ. ‘ಒಂಬತ್ತರ ಹತ್ತಿರ’ ಎನ್ನುತ್ತಾರೆ, ‘ಹದಿನೇಳು ದಾಟಿ ಬಲಕ್ಕೆ’ ಎನ್ನುತ್ತಾರೆ. ಕಾರಿಲ್ಲದವರಿಗೆ ಅಲ್ಲಿ ಕಾಲೂ ಇಲ್ಲ. ಎರಡನೇ ಮಹಡಿಯ ಕಿಟಕಿಯಲ್ಲಿ ನಿಂತು, ನನ್ನನ್ನು ಇಲ್ಲಿಗೆ ಕೊಟ್ಟ ಅಪ್ಪನಿಂದ ಹಿಡಿದು ಮದುವೆಯ ಮಾತು ತಂದ ಸೋದರತ್ತೆಯವರೆಗೆ ಎಲ್ಲರನ್ನೂ ದಿನಕ್ಕೊಮ್ಮೆ ಬೈಯುವುದು ನನ್ನ ಕೆಲಸವಾಗಿತ್ತು.

ಹೀಗಿರುವಾಗ ಒಂದು ಮಂಗಳವಾರ ಬೆಳಿಗ್ಗೆ ಕೆಳಗೆ ಹಾರನ್ ಕೇಳಿತು. ಒಂದು ಉದ್ದ, ಎರಡು ಗಿಡ್ಡ. ಸ್ವಲ್ಪ ಬಿಟ್ಟು ಮತ್ತೆ ಅದೇ. ಗಂಡ ಆಗಷ್ಟೇ ಶಿಫ್ಟ್ ಮುಗಿಸಿ ಮಲಗಿದ್ದರು. ನನಗೆ ನೆತ್ತಿಗೇರಿತು. ಚಪ್ಪಲಿ ಮೆಟ್ಟಿಕೊಂಡು ಇಳಿದು ಹೋದೆ. ಬಿಳಿ ವ್ಯಾನೊಂದು ನಿಂತಿತ್ತು. ಪಕ್ಕದಲ್ಲಿ ಅರ್ಧ ತೋಳಿನ ಅಂಗಿ ತೊಟ್ಟ, ಐವತ್ತೈದು ದಾಟಿದ, ಒಣಕಲು ಮೈಯ ಮನುಷ್ಯ. ನನಗೆ ಗೊತ್ತಿದ್ದ ಹಿಂದಿಯಲ್ಲಿ ನಾಲ್ಕು ಮಾತು ಆಡಿ, ಹಿಂದಿ ಮುಗಿದುಹೋಗಿ, ತಿರುಗುವಾಗ “ಬುದ್ಧಿ ಇಲ್ಲದ ಜನ” ಎಂದು ಗೊಣಗಿದೆ.

“ಬುದ್ಧಿ ಸ್ವಲ್ಪ ಕಡಿಮೆಯೇ ಅಮ್ಮ,” ಎಂದು ಹಿಂದಿನಿಂದ ಕನ್ನಡ ಬಂತು. “ಆದ್ರೆ ಸೌತೆಕಾಯಿ ಒಳ್ಳೇದುಂಟು. ನೋಡಿ.”

ಬಹರೈನಿಗೆ ಬಂದ ಎರಡು ತಿಂಗಳಲ್ಲಿ ಗಂಡನಲ್ಲದವರ ಬಾಯಿಂದ ಕೇಳಿದ ಮೊದಲ ಕನ್ನಡ ಅದು. ನಾಚಿಕೆಯಾಯಿತು, ನಗುವೂ ಬಂತು. ವ್ಯಾನಿನೊಳಗೆ ನೋಡಿದರೆ ಕರಾವಳಿಯ ಒಂದು ಸಂತೆಯೇ ಇತ್ತು: ಹಳದಿ ಪಟ್ಟೆಯ ಮಂಗಳೂರು ಸೌತೆ, ಕುಚ್ಚಲಕ್ಕಿ ಚೀಲ, ತೆಂಗಿನಕಾಯಿ, ಬಸಳೆ, ಹಿಂದೆ ಒಂದು ಡಬ್ಬಿಯಲ್ಲಿ ಐಸು ಹಾಕಿದ ಮೀನು, ಒದ್ದೆ ಬಟ್ಟೆಯಲ್ಲಿ ಸುತ್ತಿಟ್ಟ ಮಲ್ಲಿಗೆ. ಮಲ್ಲಿಗೆ ಬೆಳಗಿನ ವಿಮಾನದಲ್ಲಿ ಬಂದದ್ದಂತೆ. ನಾನು ಅರ್ಧ ಮೊಳ ಮಲ್ಲಿಗೆ ಮತ್ತು ಏನು ಮಾಡಬೇಕೆಂದು ಗೊತ್ತಿಲ್ಲದ ಒಂದು ಸೌತೆಕಾಯಿ ಕೊಂಡೆ.

ಒಂದು ಗಂಟೆ ಕಳೆದು ಅದೇ ಹಾರನ್ ಮತ್ತೆ ಕೇಳಿತು. ಈ ಬಾರಿ ವ್ಯಾನು ರಸ್ತೆಯ ಆಚೆ ಬದಿಯಿಂದ ಹಿಂತಿರುಗಿ ಬಂದಿತ್ತು. ಇಳಿದು ಹೋದೆ. “ಎಂತ ಉಂಟು ಕೆಳಗೆ ಹೋಗ್ಲಿಕ್ಕೆ?” ಎಂದು ಕೇಳಿದರು. ನನಗೆ ತಿಳಿದದ್ದು ಒಂದೇ. ಮೇಲೆ ಹೋಗಿ ಅಡುಗೆಮನೆಯ ಕಸದ ಚೀಲ ತಂದು ಕೈಗೆ ಕೊಟ್ಟೆ. ಎಷ್ಟು ಒಳ್ಳೆಯ ವ್ಯವಸ್ಥೆ, ತರಕಾರಿ ಕೊಟ್ಟು ಸಿಪ್ಪೆ ಒಯ್ಯುತ್ತಾರೆ ಎಂದು ಮನಸ್ಸಿನಲ್ಲೇ ಹೊಗಳಿದೆ. ಅವರು ಒಂದು ಕ್ಷಣ ಚೀಲ ನೋಡಿ, ರಸ್ತೆ ಬದಿಯ ದೊಡ್ಡ ಡಬ್ಬಿಗೆ ಹಾಕಿ ಹೋದರು. ಮುಂದಿನ ಮಂಗಳವಾರ ಮತ್ತೆ ಕೇಳಿದರು, ನಾನು ಮತ್ತೆ ಕಸ ಕೊಟ್ಟೆ. ಮೂರನೇ ವಾರ ಏಳನೇ ರೌಂಡಬೌಟಿನ ಒಬ್ಬ ಅಕ್ಕ ವ್ಯಾನಿನಲ್ಲಿ ಕೂತಿದ್ದರು, ಕಾಪು ಕಡೆಯವರು. ಅವರು ಕಸದ ಚೀಲ ನೋಡಿ ಬಿದ್ದು ಬಿದ್ದು ನಕ್ಕು, ವಿಷಯ ಬಿಡಿಸಿ ಹೇಳಿದರು.

ನಾವೆಲ್ಲ ಮಾಮ ಎಂದು ಕರೆಯುತ್ತಿದ್ದ ಆ ಮನುಷ್ಯ ಹುಡುಗನಾಗಿದ್ದಾಗಿನಿಂದ ಅಪ್ಪನ ಜೊತೆ ನೇತ್ರಾವತಿಯಲ್ಲಿ ದೋಣಿ ವ್ಯಾಪಾರ ಮಾಡಿದವರು. ಉಪ್ಪು, ಒಣಮೀನು, ಮಡಕೆ ತುಂಬಿಕೊಂಡು ಮಂಗಳೂರಿನಿಂದ ಬಂಟ್ವಾಳದ ಮೇಲಕ್ಕೆ ಹೋಗುವುದು, ಪ್ರತಿ ಕಡವಿನಲ್ಲಿ ನಿಲ್ಲಿಸಿ ಶಂಖ ಊದುವುದು. ಕಡವು ಎಂದರೆ ದಡದಲ್ಲಿ ದೋಣಿ ನಿಲ್ಲುವ ಜಾಗ. ಹಿಂದೆ ಬರುವಾಗ ಮತ್ತೆ ಅದೇ ಕಡವುಗಳಲ್ಲಿ ನಿಲ್ಲಿಸಿ ಅಲ್ಲಿಯವರು ಕೊಟ್ಟದ್ದನ್ನು ತುಂಬಿಕೊಳ್ಳುವುದು. ಒಂದು ಮನೆಯ ಬಾಳೆಗೊನೆ, ಇನ್ನೊಂದು ಮನೆಯ ಹುಣಸೆಹಣ್ಣು, ಮಗಳ ಮನೆಗೆ ಹೋಗಬೇಕಾದ ಉಪ್ಪಿನಕಾಯಿ ಭರಣಿ. ದೋಣಿ ಖಾಲಿಯಾಗಿ ಕೆಳಗೆ ಇಳಿಯಬಾರದು, ಅದು ಅವರಪ್ಪನ ಕಟ್ಟಳೆ. ಹಮದ್ ಟೌನಿನ ಹೆದ್ದಾರಿ ಅವರಿಗೆ ಹೊಳೆ, ರೌಂಡಬೌಟುಗಳು ಕಡವು. ಒಂದನೇ ನಂಬರಿನಿಂದ ಕೊನೆಯದರವರೆಗೆ ಹೋಗುವುದು ‘ಮೇಲೆ’, ಹಿಂತಿರುಗುವುದು ‘ಕೆಳಗೆ’. ನೆಲ ಎರಡೂ ಕಡೆ ರೊಟ್ಟಿ ಹೆಂಚಿನ ಹಾಗೆ ಸಪಾಟಾಗಿದ್ದರೂ ಅವರ ಬಾಯಲ್ಲಿ ಅದು ಬದಲಾಗಲಿಲ್ಲ.

ಮುಂದಿನ ವಾರ ನಾನು ಶೇಂಗಾ ಚಟ್ನಿಪುಡಿ ಮಾಡಿ ಒಂದು ಬಾಟಲಿ ಕೊಟ್ಟೆ. ಅವರು ಮುಚ್ಚಳ ತೆಗೆದು ಮೂಸಿ, “ಇದು ಕಸಕ್ಕಿಂತ ಅಡ್ಡಿಯಿಲ್ಲ,” ಎಂದರು. ಆಮೇಲೆ ಹತ್ತು ವರ್ಷ ನನ್ನನ್ನು ಛೇಡಿಸಲು ಅವರಿಗೆ ಬೇರೆ ವಿಷಯ ಬೇಕಾಗಲಿಲ್ಲ.

ನನ್ನ ಚಟ್ನಿಪುಡಿ ಕೆಳಗಿನ ಕಡವುಗಳಿಗೆ ಹಂಚಿಹೋಗುತ್ತಿತ್ತು. ಬದಲಿಗೆ ನಾಲ್ಕರಿಂದ ಕರಿಬೇವು ಬರುತ್ತಿತ್ತು, ಏಳರ ಅಕ್ಕನಿಂದ ನೀರುದೋಸೆ ಹೊಯ್ಯುವ ಉಪದೇಶ ಬರುತ್ತಿತ್ತು, ಮೂರರಲ್ಲಿದ್ದ ಅರಬ್ಬಿ ಅಜ್ಜಿಯಿಂದ ಖರ್ಜೂರ. ಮಾಮ ಅವರನ್ನು ಯುಮ್ಮಾ ಎನ್ನುತ್ತಿದ್ದರು, ಎಂದರೆ ಅಮ್ಮ. ಆ ಅಜ್ಜಿಗೂ ಮಾಮನಿಗೂ ಹಳೆಯ ಪರಿಚಯ. ಹಮದ್ ಟೌನಿನಲ್ಲಿ ಸರ್ಕಾರ ಮನೆಗಳನ್ನು ಕಟ್ಟುವಾಗ ಮಾಮ ತನ್ನ ಅರ್ಬಾಬನ, ಅಂದರೆ ಧಣಿಯ ಅಂಗಡಿಯಿಂದ ಕೂಲಿಗಳ ಕ್ಯಾಂಪಿಗೆ ನೀರು, ಖುಬ್ಬೂಸ್ ರೊಟ್ಟಿ ಒಯ್ಯುತ್ತಿದ್ದರು. ಮೊದಲ ಸಾಲಿನ ಮನೆಗಳಿಗೆ ಬಂದವರಲ್ಲಿ ಅಜ್ಜಿಯ ಕುಟುಂಬವೂ ಒಂದು. ಮನೆ ಸಿಕ್ಕಿತ್ತು, ನಲ್ಲಿಯಲ್ಲಿ ನೀರು ಬಂದಿರಲಿಲ್ಲ. ಮಾಮ ವಾರವಿಡೀ ಕ್ಯಾನಿನಲ್ಲಿ ನೀರು ತಂದು ಕೊಟ್ಟರಂತೆ.

“ನಾನು ಬರುವಾಗ ಇಲ್ಲಿ ನಾಯಿ ಸಹ ಇರ್ಲಿಲ್ಲ,” ಎನ್ನುವುದು ಅವರ ಪಲ್ಲವಿ. “ಬರೀ ಮರಳು, ಕರೆಂಟ್ ಕಂಬ. ನಾಲ್ಕನೇ ಕಡವಿಗೆ ಹೋದ್ರೆ ಐದನೆಯದ್ದು ಎಲ್ಲಿ ಅಂತ ಗೊತ್ತಾಗ್ತಿರ್ಲಿಲ್ಲ. ನಾನು ಗಾಡಿ ಓಡಿಸಿ ಓಡಿಸಿಯೇ ಇದು ದಾರಿ ಆದದ್ದು.”

“ರಸ್ತೆ ಸರ್ಕಾರದವರು ಹಾಕಿದ್ದಲ್ವಾ ಮಾಮ?” ಎಂದರೆ ಸಿಟ್ಟು.

“ಡಾಮರು ಅವ್ರದ್ದು. ದಾರಿ ನನ್ನದು.”

ಎರಡು ಸಾವಿರದ ಐದರಲ್ಲಿ ನಾನು ಏಳು ತಿಂಗಳ ಗರ್ಭಿಣಿ. ಆ ಮಂಗಳವಾರ ಬೆಳಿಗ್ಗೆಯಿಂದಲೇ ತಲೆ ಸಿಡಿಯುತ್ತಿತ್ತು, ಕಣ್ಣೆದುರು ಚುಕ್ಕಿ ಚುಕ್ಕಿ. ಗಂಡ ಕಾರ್ಖಾನೆಯಲ್ಲಿ. ಹಾರನ್ ಕೇಳಿದಾಗ ಚಟ್ನಿಪುಡಿ ಬಾಟಲಿ ಹಿಡಿದು ಬಾಗಿಲು ತೆಗೆದದ್ದು ನೆನಪಿದೆ. ಆಮೇಲೆ ನೆನಪಿರುವುದು ಕೆನ್ನೆಗೆ ತಣ್ಣಗೆ ತಾಗುತ್ತಿದ್ದ ನೆಲದ ಟೈಲು, ದೂರದಲ್ಲಿ ಮತ್ತೆ ಮತ್ತೆ ಒಂದು ಉದ್ದ, ಎರಡು ಗಿಡ್ಡ. ಹಾರನ್ ನಿಂತಾಗ, ಮುಗಿಯಿತು, ಹನ್ನೆರಡನೇ ಕಡವಿಗೆ ಹೊರಟುಹೋದರು ಎಂದುಕೊಂಡೆ. ಅಷ್ಟು ಭಯ ನನಗೆ ಹಿಂದೆಯೂ ಆಗಿರಲಿಲ್ಲ, ಮುಂದೆಯೂ ಆಗಿಲ್ಲ. ಮೆಟ್ಟಿಲಲ್ಲಿ ರಬ್ಬರ್ ಚಪ್ಪಲಿಯ ಸದ್ದು ಕೇಳಿತು.

ಮಾಮ, ನಮ್ಮ ಕಟ್ಟಡದ ಕಾವಲುಗಾರ ಇಬ್ಬರೂ ಸೇರಿ ನನ್ನನ್ನು ಇಳಿಸಿ ವ್ಯಾನಿನಲ್ಲಿ ಕುಚ್ಚಲಕ್ಕಿ ಚೀಲಗಳ ಮೇಲೆ ಮಲಗಿಸಿದರು. ದಾರಿಯುದ್ದಕ್ಕೂ ತೆಂಗಿನಕಾಯಿಗಳು ನನ್ನ ಕಾಲ ಬಳಿ ಉರುಳಾಡುತ್ತಿದ್ದವು, ಐಸಿನ ಡಬ್ಬಿಯಿಂದ ಬಂಗುಡೆಯ ವಾಸನೆ. ನಾನು ಮೂಗು ಮುಚ್ಚಿಕೊಳ್ಳಲಿಲ್ಲ. ರಕ್ತದೊತ್ತಡ ವಿಪರೀತ ಏರಿದೆ, ತಡ ಮಾಡಿದ್ದರೆ ತಾಯಿ ಮಗು ಇಬ್ಬರಿಗೂ ಕಷ್ಟವಿತ್ತು ಎಂದು ಆಸ್ಪತ್ರೆಯಲ್ಲಿ ಹೇಳಿದರು. ಗಂಡ ಕಾರ್ಖಾನೆಯ ಬಟ್ಟೆಯಲ್ಲೇ ಓಡಿಬಂದಾಗ ಮಾಮ ಅಲ್ಲಿರಲಿಲ್ಲ. ಹನ್ನೆರಡನೇ ಕಡವಿಗೆ ಹೋಗಿಯಾಗಿತ್ತು. ಅಲ್ಲಿಂದ ಕೊನೆಯವರೆಗೆ ಹೋಗಿ, ಕೆಟ್ಟುಹೋದ ಮೀನನ್ನೆಲ್ಲ ಚೆಲ್ಲಿ, ತಡವಾದದ್ದಕ್ಕೆ ಪ್ರತಿ ಕಡವಿನಲ್ಲೂ ಬೈಸಿಕೊಂಡು ಬಂದರಂತೆ.

ಮಗಳು ಹುಟ್ಟಿದ ಮೇಲೆ ಕೈಮುಗಿಯಲು ಹೋದರೆ ಅವರು ಮುಖ ಸಿಂಡರಿಸಿದರು.

“ನೀವು ಅಷ್ಟು ದೊಡ್ಡದು ಮಾಡ್ಬೇಡಿ. ಕಡವಿನಲ್ಲಿ ಯಾವಾಗ್ಲೂ ಬರುವ ಜನ ಕಾಣದಿದ್ರೆ ದೋಣಿ ಕಟ್ಟಿ ದಡ ಹತ್ಬೇಕು. ಹೋಗಿ ನೋಡ್ಬೇಕು. ಹೊಳೆಬದಿಯಲ್ಲಿ ಒಂದೊಂದೇ ಮನೆ ಇರುದು, ಬೇರೆ ಯಾರು ನೋಡ್ತಾರೆ? ಅದು ಅಪ್ಪನ ಕಟ್ಟಳೆ. ನಾನು ಹೊಸದು ಎಂತ ಮಾಡಿದ್ದು?”

ಎರಡು ಸಾವಿರದ ಹತ್ತರಲ್ಲಿ ಗಂಡ ಹಿದ್‌ ಬಂದರಿನ ಕಡೆ ಕೆಲಸ ಬದಲಿಸಿದರು. ಹಮದ್ ಟೌನಿನಿಂದ ಅಲ್ಲಿಗೆ ಹೋಗಿಬರುವುದು ದೂರ, ಹಾಗಾಗಿ ನಾವು ಬುಸೈತೀನಿನ ಫ್ಲಾಟಿಗೆ ಹೋದೆವು. ಅಷ್ಟರಲ್ಲಿ ನಾನು ಮೂರು ಸಲ ಫೇಲಾಗಿ, ನಾಲ್ಕನೇ ಸಲ ಪರೀಕ್ಷೆ ಮಾಡುವವನಿಗೇ ಬೇಜಾರು ಬಂದು ಡ್ರೈವಿಂಗ್ ಲೈಸೆನ್ಸ್ ಪಡೆದಿದ್ದೆ. ಮನೆ ಬಿಡುವ ದಿನ ಮಾಮನಿಗೆ ಮಾತು ಕೊಟ್ಟೆ: “ನಾನೇನು ಊರು ಬಿಟ್ಟು ಹೋಗ್ತಿಲ್ಲ. ಪ್ರತಿ ಮಂಗಳವಾರ ಹನ್ನೊಂದನೇ ಕಡವಿಗೆ ಬರ್ತೀನಿ, ನೋಡ್ತಿರಿ.”

ಬಂದೆ. ಮೊದಲ ವರ್ಷ ಒಂದು ವಾರವೂ ತಪ್ಪಿಸಲಿಲ್ಲ. ಕಾರನ್ನು ಪಕ್ಕದಲ್ಲಿ ನಿಲ್ಲಿಸಿ, ಎ.ಸಿ. ಬಿಟ್ಟು ಹೊರಗೆ ಬಂದು, ಅದೇ ಕರೆಂಟ್ ಡಬ್ಬಿಯ ನೆರಳಿನಲ್ಲಿ ನಿಲ್ಲುತ್ತಿದ್ದೆ. ಎರಡನೇ ವರ್ಷ ಹದಿನೈದು ದಿನಕ್ಕೊಮ್ಮೆ ಆಯಿತು. ಆಮೇಲೆ ತಿಂಗಳಿಗೊಮ್ಮೆ. ಬುಸೈತೀನಿನ ಹತ್ತಿರವೇ ದೊಡ್ಡ ಮಾರುಕಟ್ಟೆಗಳು ಬಂದವು, ಅಲ್ಲಿ ಮಂಗಳೂರು ಸೌತೆಯೂ ಪ್ಲಾಸ್ಟಿಕ್ ಹೊದ್ದು ಸಿಗುತ್ತಿತ್ತು. ನಾನು ಹೋಗದ ವಾರಗಳಲ್ಲೂ ಮಾಮ ಹನ್ನೊಂದರಲ್ಲಿ ನಿಲ್ಲಿಸಿ ಹಾರನ್ ಮಾಡುತ್ತಾರೆಂದು ಏಳರ ಅಕ್ಕ ಹೇಳಿದ್ದರು. ಕೇಳಿ ಒಂದಿಷ್ಟು ಹೆಮ್ಮೆಯಾಯಿತು. ನಾಚಿಕೆಯಾಗಬೇಕಿತ್ತು.

ಮಗಳು ಅಮೆರಿಕನ್ ಪಠ್ಯದ ಶಾಲೆಗೆ ಹೋಗುತ್ತಿದ್ದಳು. ಅವಳ ಪುಸ್ತಕದಲ್ಲಿ ಒಂದು ಪಾಠವಿತ್ತು: ಇನ್ನೂರು ವರ್ಷಗಳ ಹಿಂದೆ ಅಮೆರಿಕದ ಕಾಡಿನ ಅಂಚಿಗೆ ಎಲ್ಲರಿಗಿಂತ ಮೊದಲು ಹೋಗಿ ನೆಲೆಸಿದ, ನದಿಯಲ್ಲಿ ಹಿಟ್ಟು, ಉಪ್ಪು, ಬಟ್ಟೆ ಹೇರಿಕೊಂಡು ದಡದ ಒಂಟಿ ಮನೆಗಳಿಗೆ ಮಾರಿದ ಒಬ್ಬ ವ್ಯಾಪಾರಿಯ ಕಥೆ. ದೋಣಿ ಬಂತೆಂದು ತಿಳಿಸಲು ಅವನು ಕೊಂಬು ಊದುವ ಚಿತ್ರವೂ ಇತ್ತು. “ಅಮ್ಮಾ, ದಿಸ್ ಈಸ್ ಅವರ್ ಮಾಮ,” ಎಂದಳು. ಆ ತಿಂಗಳು ಹನ್ನೊಂದಕ್ಕೆ ಹೋಗುವಾಗ ಪುಸ್ತಕವನ್ನೇ ಒಯ್ದಳು. ಮಾಮ ವ್ಯಾನಿನ ಮೆಟ್ಟಿಲ ಮೇಲೆ ಕೂತು, ಪುಸ್ತಕವನ್ನು ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದು ಚಿತ್ರ ನೋಡಿದರು. ನಾನು ಓದಿ ಹೇಳುತ್ತಾ ಹೋದೆ. ನಾನು ಓದುತ್ತಿದ್ದ ಒಂದೊಂದು ಸಾಲಿಗೂ ತಲೆ ತೂಗುತ್ತಿದ್ದವರು, ಕೊನೆಗೆ ಬಂದಾಗ ತಡೆದರು. ಆ ಕಾಲದ ಚಪ್ಪಟೆ ದೋಣಿಗಳು ಪ್ರವಾಹದ ವಿರುದ್ಧ ಮೇಲೆ ಬರಲಾಗದಂಥವು. ಆದ್ದರಿಂದ ನದಿಯ ಕೊನೆ ಮುಟ್ಟಿದ ಮೇಲೆ ಅವನು ದೋಣಿಯನ್ನೇ ಮುರಿದು ಹಲಗೆಗಳನ್ನು ಮಾರಿ, ನಡೆದುಕೊಂಡು ಮನೆಗೆ ಬರುತ್ತಿದ್ದ.

“ದೋಣಿ ಮುರಿದು ಮಾರಿದ್ದಾ?” ಮಾಮ ಪುಸ್ತಕ ಮುಚ್ಚಿದರು. “ಇನ್ನೊಮ್ಮೆ ಸರಿ ಓದಿ ಅಮ್ಮ.”

ಸರಿಯಾಗಿಯೇ ಓದಿದ್ದೆ. ಅವರು ಎದ್ದು ಸೌತೆಕಾಯಿಗಳನ್ನು ಸುಮ್ಮನೆ ಅತ್ತಿತ್ತ ಜೋಡಿಸಿದರು. “ಹಾಗಾದ್ರೆ ಅವ ಬೇರೆ ಜಾತಿಯ ವ್ಯಾಪಾರಿ,” ಎಂದು ಹೇಳಿ ಹೊರಟರು. ಅಮೆರಿಕದವನ ಮೇಲೆ ಇವರಿಗೇಕೆ ಇಷ್ಟು ಕೋಪ ಎಂದು ನಾನೂ ಮಗಳೂ ದಾರಿಯುದ್ದಕ್ಕೂ ನಕ್ಕೆವು.

ಮರುವರ್ಷ, ಎರಡು ಸಾವಿರದ ಹದಿನಾಲ್ಕರಲ್ಲಿ, ಒಂದು ಮಂಗಳವಾರ ಹನ್ನೊಂದಕ್ಕೆ ಹೋದೆ. ವ್ಯಾನು ಬರಲಿಲ್ಲ. ಮುಕ್ಕಾಲು ಗಂಟೆ ಬಿಸಿಲಲ್ಲಿ ನಿಂತೆ. ಅಷ್ಟು ದೂರದಿಂದ ಬಂದವಳಿಗೆ ಒಂದು ಮಾತು ಹೇಳುವುದಕ್ಕೇನು ಎಂದು ಸಿಟ್ಟು ಬಂತು. ಊರಿಗೆ ರಜೆ ಹೋಗಿರಬೇಕೆಂದು ನಾನೇ ತೀರ್ಮಾನಿಸಿ, ಚಟ್ನಿಪುಡಿ ಬಾಟಲಿಯನ್ನು ಡ್ಯಾಶ್‌ಬೋರ್ಡಿನಲ್ಲಿಟ್ಟು, ದಾರಿಯಲ್ಲಿ ದೊಡ್ಡ ಮಾರುಕಟ್ಟೆಗೆ ಹೋಗಿ ತರಕಾರಿ ಕೊಂಡು ಮನೆಗೆ ಬಂದೆ. ಮುಂದಿನ ವಾರ ಹೋಗಲೇ ಇಲ್ಲ. ಅದರ ಮುಂದಿನ ವಾರ ಏಳರ ಅಕ್ಕನ ಫೋನು ಬಂತು.

“ಮಾಮ ನಿಮ್ಮಲ್ಲಿಗೆ ಬಂದಿದ್ರಾ? ಇಲ್ಲಿ ಮೂರು ವಾರ ಆಯ್ತು, ಗಾಡಿಯೇ ಇಲ್ಲ. ಫೋನ್ ಸಹ ಬಂದ್.”

“ಊರಿಗೆ ಹೋಗಿರಬಹುದು ಅಕ್ಕ.”

“ಹೇಳದೆ ಹೋಗುವ ಜನವಾ ಅದು?”

ಫೋನಿಟ್ಟ ಮೇಲೆ ಮಾಮನ ಮಾತು ನೆನಪಾಯಿತು. ಕಡವಿನಲ್ಲಿ ಯಾವಾಗಲೂ ಬರುವ ಜನ ಕಾಣದಿದ್ದರೆ ದಡ ಹತ್ತಬೇಕು. ಅವರು ನನಗಾಗಿ ಹತ್ತಿದ್ದರು. ಹಾರನ್ ಮಾಡಿ ಐದು ನಿಮಿಷ ಕಾದಿದ್ದರು, ಅಷ್ಟೇ. ನಾನು ಮುಕ್ಕಾಲು ಗಂಟೆ ಕಾದು ಬದನೆಕಾಯಿ ಕೊಳ್ಳಲು ಹೋಗಿದ್ದೆ. ಹನ್ನೊಂದು ವರ್ಷಗಳ ಪರಿಚಯದಲ್ಲಿ ಆ ಮನುಷ್ಯ ಎಲ್ಲಿ ವಾಸವಾಗಿದ್ದಾರೆಂದು ನಾನೊಮ್ಮೆಯೂ ಕೇಳಿರಲಿಲ್ಲ. ಅಕ್ಕನಿಗೂ ಗೊತ್ತಿರಲಿಲ್ಲ, ನಾಲ್ಕರವರಿಗೂ ಗೊತ್ತಿರಲಿಲ್ಲ. ಅವರು ನಮ್ಮೆಲ್ಲರ ಮನೆಯ ಮೆಟ್ಟಿಲು ಬಲ್ಲವರು, ನಮಗೆ ಅವರ ಬಾಗಿಲು ಗೊತ್ತಿಲ್ಲ. ನನ್ನ ಮೇಲೆ ನನಗೇ ಹೇಸಿಗೆಯಾಯಿತು.

ಮೊದಲು ಅರ್ಬಾಬನ ಅಂಗಡಿ ಹುಡುಕಿದೆ. ಹಳೆಯ ಅರ್ಬಾಬ್ ತೀರಿಕೊಂಡು ಮಗ ನೋಡಿಕೊಳ್ಳುತ್ತಿದ್ದ. ಅವನು ಒಳ್ಳೆಯವನೇ, ಕೂರಿಸಿ ಚಹಾ ಕೊಟ್ಟು, ಒಂದು ಚೀಟಿಯಲ್ಲಿ ವಿಳಾಸ ಬರೆದು ಕೊಟ್ಟ. ಓದಿ ನನಗೆ ತಲೆ ಎತ್ತಲಾಗಲಿಲ್ಲ. ಮುಹರ್ರಕ್‌ನ ಅಂಚಿನ ಒಂದು ಓಣಿ. ನನ್ನ ಫ್ಲಾಟಿನಿಂದ ನಡೆದು ಹೋದರೆ ಹತ್ತು ನಿಮಿಷ. ವಿಮಾನದಲ್ಲಿ ಬರುವ ಮಲ್ಲಿಗೆ, ತರಕಾರಿ ಬಿಡಿಸಿಕೊಳ್ಳಲು ವಿಮಾನ ನಿಲ್ದಾಣ ಹತ್ತಿರವೆಂದು ಅವರು ಮೊದಲಿನಿಂದಲೂ ಅಲ್ಲೇ ಇದ್ದರು. ನಾನು ನಾಲ್ಕು ವರ್ಷ ಇಡೀ ದ್ವೀಪ ದಾಟಿ ಹೋಗಿ ಭೇಟಿಯಾಗುತ್ತಿದ್ದುದು ನನ್ನ ಪಕ್ಕದ ಬೀದಿಯವರನ್ನು.

ಕೋಣೆಯಲ್ಲಿ ಎರಡು ಮಂಚ, ಒಂದು ಒಲೆ, ಗೋಡೆಗೆ ಹೊಳೆಯ ಒಂದು ಕ್ಯಾಲೆಂಡರ್ ಚಿತ್ರ. ಮಾಮ ಗೋಡೆಯ ಕಡೆ ತಿರುಗಿ ಮಲಗಿದ್ದರು. “ಯಾರು?” ಎಂದು ನನ್ನತ್ತ ತಿರುಗಿ ಕೇಳಿದ ರೀತಿಯಲ್ಲೇ ನನಗೆ ಅರ್ಥವಾಯಿತು. ಬಾಗಿಲಲ್ಲಿ ನಿಂತ ನನ್ನ ಮುಖ ಅವರಿಗೆ ಕಾಣುತ್ತಿರಲಿಲ್ಲ. ಲೈಸೆನ್ಸ್ ನವೀಕರಿಸಲು ಹೋದಾಗ ಕಣ್ಣಿನ ಪರೀಕ್ಷೆಯಲ್ಲಿ ಫೇಲಾಗಿದ್ದರು. ನರದ ತೊಂದರೆಯಂತೆ, ಆಪರೇಷನ್ನಿಗೆ ಬಗ್ಗುವುದಲ್ಲವಂತೆ. ವೀಸಾ ರದ್ದಾಗಿತ್ತು, ಶುಕ್ರವಾರಕ್ಕೆ ಊರಿನ ಟಿಕೆಟ್ ಆಗಿತ್ತು. ಬಂಟ್ವಾಳದ ಹತ್ತಿರ ಹೆಂಡತಿ, ಮದುವೆಯಾದ ಮಗಳು ಇದ್ದಾರೆಂಬುದನ್ನೂ ನಾನು ಕೇಳಿ ತಿಳಿದದ್ದು ಆ ದಿನವೇ.

“ನಾವಿರುವುದು ಇಲ್ಲೇ ಅಂತ ನಿಮಗೆ ಗೊತ್ತಿತ್ತಲ್ಲ ಮಾಮ. ಒಂದು ಸಲನಾದ್ರೂ ಹೇಳಬಾರದಿತ್ತಾ?”

“ಹೇಳಿದ್ರೆ ನೀವು ಹನ್ನೊಂದಕ್ಕೆ ಬರ್ತಿದ್ರಾ?” ಎಂದರು. “ಕಡವು ತಪ್ಪಿಹೋಗ್ತಿತ್ತು.”

ಕ್ಷಮಿಸಿ ಎಂದೆ. ಹೋದ ವಾರ, ಅದರ ಹಿಂದಿನ ವಾರ ನಾನು ಏನು ಮಾಡಿದೆನೆಂದು ಎಲ್ಲ ಹೇಳಿದೆ, ಬದನೆಕಾಯಿಯವರೆಗೆ. ಅವರು ಬೈಯಲಿಲ್ಲ. ಅವರ ಚಿಂತೆ ಬೇರೆಯೇ ಇತ್ತು. ಮಳೆಗಾಲಕ್ಕೆ ಮೊದಲಿನ ಕೊನೆಯ ಸುತ್ತಿನಲ್ಲಿ ಅವರಪ್ಪ ಪ್ರತಿ ಕಡವಿನಲ್ಲೂ ಇಳಿದು, ಇನ್ನು ದೋಣಿ ಬರುವುದಿಲ್ಲ ಎಂದು ಹೇಳಿಯೇ ಹೋಗುತ್ತಿದ್ದರು. ಹೇಳದೆ ನಿಲ್ಲಿಸಿದರೆ ಜನ ದಡದಲ್ಲಿ ಕಾಯುತ್ತಾ ನಿಂತಿರುತ್ತಾರೆ.

“ಮೂರು ವಾರ ಆಯ್ತು. ಅವ್ರೆಲ್ಲ ನಿಂತೇ ಇದ್ದಾರೆ ಅಂತ ಕಾಣ್ತದೆ ನಂಗೆ. ಹಾಗೆ ಬಿಟ್ಟು ವಿಮಾನ ಹತ್ಲಿಕ್ಕೆ ಆಗುದಿಲ್ಲ ಅಮ್ಮ.”

ಗುರುವಾರ ಬೆಳಿಗ್ಗೆ ವ್ಯಾನಿನ ಸ್ಟೇರಿಂಗ್ ಹಿಡಿದು ಕೂತವಳು ನಾನು. ಅರ್ಬಾಬನ ಮಗ ಕೀಲಿ ಕೊಟ್ಟಿದ್ದ. ಗೇರಿನ ಗಾಡಿ ಮುಟ್ಟಿ ವರ್ಷಗಳಾಗಿದ್ದವು. ಹಮದ್ ಟೌನಿನ ಮೊದಲ ರೌಂಡಬೌಟ್ ತಲುಪುವಷ್ಟರಲ್ಲಿ ಐದು ಸಲ ಇಂಜಿನ್ ಬಂದ್ ಮಾಡಿ, ಹಿಂದಿನವರಿಂದ ಅರಬ್ಬಿಯಲ್ಲಿ, ಉರ್ದುವಿನಲ್ಲಿ ಬೈಸಿಕೊಂಡೆ. ಪಕ್ಕದ ಸೀಟಿನಲ್ಲಿ ಮಾಮ ಇಸ್ತ್ರಿ ಮಾಡಿದ ಅಂಗಿ ಹಾಕಿ ನೆಟ್ಟಗೆ ಕೂತಿದ್ದರು. “ಮೆಲ್ಲ, ಮೆಲ್ಲ. ದೋಣಿ ಮಗುಚಿ ಹಾಕ್ಬೇಡಿ,” ಎನ್ನುತ್ತಿದ್ದರು. ಕಣ್ಣು ಕಾಣದಿದ್ದರೂ ಪ್ರತಿ ಕಡವು ಬರುವ ಮೊದಲೇ “ಇಲ್ಲಿ, ಎಡಕ್ಕೆ” ಎಂದು ಹೇಳುತ್ತಿದ್ದರು. ಒಂದು ಸಲವೂ ತಪ್ಪಲಿಲ್ಲ.

ಏಳರ ಅಕ್ಕ ಎಲ್ಲರಿಗೂ ಫೋನು ಮಾಡಿಟ್ಟಿದ್ದರು. ಮೂರರಲ್ಲಿ ಯುಮ್ಮಾ ಮೊಮ್ಮಗನ ಕೈ ಹಿಡಿದು ರಸ್ತೆಗೇ ಬಂದಿದ್ದರು. ಮಾಮ ಇಳಿದು ತಮ್ಮ ಮುರುಕು ಅರಬ್ಬಿಯಲ್ಲಿ, ಇನ್ನು ಗಾಡಿ ಬರುವುದಿಲ್ಲ ಎಂದರು. ಅಜ್ಜಿ ಮನೆಯೊಳಗೆ ಹೋಗಿ ಒಂದು ಕ್ಯಾನ್ ತುಂಬ ನೀರು ತರಿಸಿ ವ್ಯಾನಿನಲ್ಲಿ ಇಡಿಸಿದರು. ಹಾದಿಯುದ್ದಕ್ಕೂ ಹೀಗೇ ಆಯಿತು. ಮಾಮ ಇಳಿಯುವುದು, ಅದೇ ಒಂದು ಮಾತು ಹೇಳುವುದು, ಹತ್ತುವುದು. ಜನ ಬದಲಾಗಿ ಯಾರೂ ನಿಲ್ಲದ ಕಡವುಗಳೂ ನಾಲ್ಕೈದು ಇದ್ದವು. ಅಲ್ಲಿಯೂ ನಿಲ್ಲಿಸಿ ಹಾರನ್ ಮಾಡಿ, ಸ್ವಲ್ಪ ಕಾದು, ಮುಂದೆ ಹೋದೆವು. ಹನ್ನೊಂದು ಬಂದಾಗ ಮಾತ್ರ, “ಇದು ಬರುವಾಗ ನೋಡುವ,” ಎಂದರು.

ಕೊನೆಯ ರೌಂಡಬೌಟನ್ನು ಸುತ್ತಿ ಕೆಳಗಿನ ದಾರಿ ಹಿಡಿದೆವು. ಹಿಂದೆ ಕರಿಬೇವಿನ ಗಿಡ, ಖರ್ಜೂರದ ಡಬ್ಬಿ, ಯಾರದೋ ಊರಿಗೆ ಹೋಗಬೇಕಾದ ಸೀರೆಯ ಪೊಟ್ಟಣ, ಎಲ್ಲ ತುಂಬಿತ್ತು.

“ಈ ಗಾಡಿ ಇನ್ನು ಏನಾಗುತ್ತೆ ಮಾಮ?”

“ಸ್ಕ್ರಾಪಿಗೆ. ಹಿದ್ದಿನ ಕಡೆ ತಕ್ಕೊಳ್ತಾರೆ ಅಂತೆ.” ಮುಂದಿನ ಕಡವು ದಾಟಿದ ಮೇಲೆ ಅವರೇ ಮಾತೆತ್ತಿದರು. “ಆ ಅಮೆರಿಕದವ ದೋಣಿ ಮುರಿದು ಮಾರಿದ ಅಂತ ಓದಿದ್ರಿ ನೋಡಿ. ನಾವು ಸಹ ಅದೇ ಮಾಡಿದ್ದು. ಲಾರಿ ಬಂತು, ಹೊಳೆ ದಾಟ್ಲಿಕ್ಕೆ ಸಂಕ ಆಯ್ತು, ದೋಣಿಗೆ ಯಾರೂ ಇಲ್ಲ. ಹೆಂಚಿನ ಕಾರ್ಖಾನೆಯ ಭಟ್ಟಿಗೆ ಸೌದೆ ಬೇಕಿತ್ತು. ಅಪ್ಪನಿಗೆ ಕೈ ಬರ್ಲಿಲ್ಲ. ಕೊಡಲಿ ಹಿಡಿದದ್ದು ನಾನು. ಅವತ್ತು ಯಾವ ಕಡವಿಗೂ ಹೇಳ್ಲಿಕ್ಕೆ ಹೋಗ್ಲಿಲ್ಲ ನಾವು. ನಾಚಿಕೆಗೆ.”

ಗೇರು ಬದಲಿಸಿದೆ, ಆ ಸಲ ಸರಿಯಾಗಿಯೇ ಬಿತ್ತು.

ಹನ್ನೊಂದರಲ್ಲಿ ನಿಲ್ಲಿಸಲು ಹೇಳಿದರು. ನಿಲ್ಲಿಸಿದೆ. ನಮ್ಮ ಹಳೆಯ ಕಟ್ಟಡಕ್ಕೆ ಬೇರೆ ಬಣ್ಣ ಬಂದಿತ್ತು, ಕರೆಂಟ್ ಡಬ್ಬಿ ಅಲ್ಲೇ ಇತ್ತು.

“ಇಳಿದು ನಿಮ್ಮ ಜಾಗದಲ್ಲಿ ನಿಲ್ಲಿ,” ಎಂದರು.

“ಯಾಕೆ ಮಾಮ?”

“ಕಡವಿಗೆ ಹೇಳ್ಬೇಕಲ್ಲ. ನೀವು ಗಾಡಿಯಲ್ಲಿ ಕೂತ್ರೆ ನಾನು ಯಾರಿಗೆ ಹೇಳುದು?”

ಇಳಿದು ಹೋಗಿ ಆ ಗೇಣುದ್ದ ನೆರಳಿನಲ್ಲಿ ನಿಂತೆ. ಅವರು ಪಕ್ಕದ ಸೀಟಿನಿಂದ ಬಾಗಿ, ಕೈಯಾಡಿಸಿ ಹುಡುಕಿ ಹಾರನ್ ಒತ್ತಿದರು. ಒಂದು ಉದ್ದ, ಎರಡು ಗಿಡ್ಡ. ಆಮೇಲೆ ಬಾಗಿಲು ಹಿಡಿದು ಮೆಲ್ಲಗೆ ಇಳಿದು, ನಾನಿದ್ದ ಕಡೆಗೆ ಅಂದಾಜಿನಲ್ಲಿ ಮುಖ ಮಾಡಿ, ಉಳಿದ ಕಡವುಗಳಲ್ಲಿ ಹೇಳಿದ್ದನ್ನೇ ಹೇಳಿದರು.

“ಇನ್ನು ಗಾಡಿ ಬರುದಿಲ್ಲ ಅಮ್ಮ. ಕಾಯ್ಬೇಡಿ.”

“ಆಯ್ತು ಮಾಮ,” ಎಂದೆ. ಅಲ್ಲಿಯವರೆಗೆ ತಡೆದುಕೊಂಡಿದ್ದ ಅಳು ಬಂದೇಬಿಟ್ಟಿತು. ಅವರು ಅದು ಕಿವಿಗೆ ಬೀಳದವರಂತೆ ಕೇಳಿದರು.

“ಎಂತ ಉಂಟು ಕೆಳಗೆ ಹೋಗ್ಲಿಕ್ಕೆ?”

ನನ್ನ ಕೈ ಖಾಲಿ. ಕೋಣೆ ಹುಡುಕುವ, ಕೀಲಿ ಕೇಳುವ, ಗೇರು ನೆನಪು ಮಾಡಿಕೊಳ್ಳುವ ಗಡಿಬಿಡಿಯಲ್ಲಿ ಚಟ್ನಿಪುಡಿ ಮಾಡಿರಲಿಲ್ಲ. ಎರಡು ವಾರ ಹಿಂದಿನ ಬಾಟಲಿ ನನ್ನ ಕಾರಿನಲ್ಲೇ ಉಳಿದಿತ್ತು. ಹನ್ನೊಂದು ವರ್ಷಗಳಲ್ಲಿ ಕಸವನ್ನಾದರೂ ಕೊಟ್ಟಿದ್ದೆ, ಆ ದಿನ ಏನೂ ಇರಲಿಲ್ಲ.

“ನಾನೇ ಇದ್ದೀನಿ ಮಾಮ,” ಎಂದೆ.

“ಒಮ್ಮೆ ಅಕ್ಕಿ ಚೀಲದ ಮೇಲೆ ಒಯ್ದ ಸಾ‍ಮಾನೇ,” ಎಂದು, ಕೈ ಮುಂದೆ ಚಾಚಿದರು. “ಆಗ್ಬಹುದು. ಹತ್ತಿ.”